ನಿಮಗಿದು ಗೊತ್ತೇ? ತುಂಗೆ, ಶರಾವತಿಯ ನೀರುಹಕ್ಕಿಗಳು

ತೀರ್ಥಹಳ್ಳಿ ತಾಲ್ಲೂಕಿನ ಮಂಡಗದ್ದೆ ಪಕ್ಷಿಧಾಮದ ವಿಸ್ತೀರ್ಣ ಒಂದು ಎಕರೆಗಿಂತ ತುಸು ಹೆಚ್ಚು, ಅಷ್ಟೆ! ತುಂಗಾ ಹೊಳೆಯ ನಡುವಿನ ಪುಟ್ಟ ನಡುಗಡ್ಡೆ, ಅದರ ಮೇಲೊಂದಿಷ್ಟು ಮರ. ಶಿವಮೊಗ್ಗದಿಂದ ಸುಮಾರು 30 ಕಿ.ಮೀ. ದೂರದಲ್ಲಿ, ತೀರ್ಥಹಳ್ಳಿ ರಸ್ತೆಯ ಪಕ್ಕದಲ್ಲೇ ಇದೆ.

ಹಕ್ಕಿ ನೋಡಲು ಚಳಿಗಾಲವೇ ಸರಿ ಎಂದುಕೊಂಡು ಜನವರಿಯಲ್ಲಿ ಅಲ್ಲಿಗೆ ಹೋದರೆ ಗೂಡಿನ ಸಂಭ್ರಮ ಮುಗಿದಿರುತ್ತದೆ. ಬೆಳ್ಳಕ್ಕಿ, ನೀರುಕಾಗೆ, ಹಾವಕ್ಕಿಗಳು ಮಳೆ ಹಿಡಿದ ಮೇಲೆ ಬಂದು ಗೂಡು ಕಟ್ಟುತ್ತವೆ. ಮರಿಗಳ ರೆಕ್ಕೆ ಬಲಿತ ಮೇಲೆ ಹೊರಡುತ್ತವೆ. ಕಾರಣ ಸರಳ. ಗದ್ದೆಯಲ್ಲಿ ನೀರು ನಿಂತಾಗಲೇ ಕಪ್ಪೆ, ಮೀನುಮರಿ, ಹುಳು ಹೇರಳ. ಸುತ್ತ ಹೊಳೆ ತುಂಬಿ ಹರಿಯುವಾಗ ಕಾಡುಬೆಕ್ಕು, ಮುಂಗುಸಿಗಳು ಗೂಡಿನ ಹತ್ತಿರ ಸುಳಿಯುವುದು ಕಷ್ಟ.

ಮಧ್ಯಮ ಗಾತ್ರದ ಬೆಳ್ಳಕ್ಕಿಯ ಹಳದಿ ಕೊಕ್ಕು ಮರಿ ಮಾಡುವ ಕಾಲಕ್ಕೆ ಕಪ್ಪಾಗುತ್ತದೆ. ಕಣ್ಣಿನ ಮುಂದಿನ ಚರ್ಮಕ್ಕೆ ಹಸಿರು ಬಣ್ಣ ಬರುತ್ತದೆ. ಬೆನ್ನಿನಿಂದ, ಎದೆಯಿಂದ ದಾರದಂಥ ಬಿಳಿ ಗರಿಗಳು ಇಳಿಬೀಳುತ್ತವೆ. ಬೆಳ್ಳಕ್ಕಿಗಳ ಈ ಗರಿಯೇ ಒಂದು ಕಾಲಕ್ಕೆ ಅವುಗಳ ಪ್ರಾಣಕ್ಕೆ ಎರವಾಗಿತ್ತು. ಯುರೋಪು, ಅಮೆರಿಕದ ಹೆಂಗಸರ ಟೋಪಿಗೆ ಸಿಕ್ಕಿಸಲು ಲೆಕ್ಕವಿಲ್ಲದಷ್ಟು ಬೆಳ್ಳಕ್ಕಿಗಳನ್ನು ಕೊಂದರು, ಅದೂ ಗೂಡಿನಲ್ಲಿ ಮರಿಯಿರುವಾಗಲೇ. ಭಾರತದಿಂದ ಕಾಡುಹಕ್ಕಿಯ ಗರಿ ಸಾಗಿಸುವುದಕ್ಕೆ 1902ರಲ್ಲಿ ನಿಷೇಧ ಬಂತು.

ಹಾವಕ್ಕಿ ಮೀನನ್ನು ಕಚ್ಚಿ ಹಿಡಿಯುವುದಿಲ್ಲ, ತಿವಿಯುತ್ತದೆ! ಅದರ ಕತ್ತಿನ ಮೂಳೆಯಲ್ಲೊಂದು ವಿಶೇಷ ಬಾಗಿದೆ. ನೀರಿನೊಳಗೆ ಕತ್ತು ಮಡಚಿಕೊಂಡಿದ್ದು ಒಮ್ಮೆಲೇ ಚಿಮ್ಮಿಸಿ ಚೂಪು ಕೊಕ್ಕಿನಿಂದ ಮೀನನ್ನು ಚುಚ್ಚುತ್ತದೆ. ಮೇಲೆ ಬಂದು ಮೀನನ್ನು ಕೊಡವಿ, ಗಾಳಿಗೆಸೆದು, ತಲೆ ಮುಂದಾಗಿ ನುಂಗುತ್ತದೆ. ಗರಿ ನೀರು ಹೀರುವುದರಿಂದ ಸಲೀಸಾಗಿ ಮುಳುಗುತ್ತದೆ. ಆಮೇಲೆ ಕೊಂಬೆಯ ಮೇಲೆ ರೆಕ್ಕೆ ಬಿಡಿಸಿ ಒಣಗಿಸಿಕೊಳ್ಳಲೇಬೇಕು. ನೀರುಕಾಗೆಯದೂ ಇದೇ ಪಾಡು.

ಇದೇ ತಾಲ್ಲೂಕಿನ ಸಿಬ್ಬಲುಗುಡ್ಡೆಯಲ್ಲಿ ತುಂಗೆಯ ಮೀನುಗಳಿಗೆ ಬಲೆಯ ಭಯವಿಲ್ಲ. ದೇವಸ್ಥಾನದ ಎದುರಿನ ಮಡುವಿನ ಮೀನು ದೇವರ ಮೀನು, ಹಿಡಿಯಬಾರದು ಎಂಬ ಭಕ್ತಿಯೇ ಅಲ್ಲಿನ ಕಾವಲು. ಕುವೆಂಪು ಅವರ ‘ದೇವರು ರುಜು ಮಾಡಿದನು’ ಕವನದ ಹಕ್ಕಿಸಾಲು ಹಾರುವುದೂ ಈ ತುಂಗೆಯ ಮೇಲೆಯೇ.

ತೀರ್ಥಹಳ್ಳಿ ತಾಲ್ಲೂಕಿನಲ್ಲಿ ಬಿದ್ದ ಮಳೆ ಎರಡು ಸಮುದ್ರ ಸೇರುತ್ತದೆ! ತುಂಗೆಗೆ ಇಳಿದದ್ದು ತುಂಗಭದ್ರೆ, ಕೃಷ್ಣೆಯ ಹಾದಿಯಲ್ಲಿ ಬಂಗಾಳಕೊಲ್ಲಿಗೆ. ಇದೇ ತಾಲ್ಲೂಕಿನ ಅಂಬುತೀರ್ಥದಲ್ಲಿ ಹುಟ್ಟುವ ಶರಾವತಿ ಹೊಸನಗರ, ಸಾಗರ ಹಾದು, ಜೋಗದಲ್ಲಿ ಧುಮುಕಿ, ಹೊನ್ನಾವರದಲ್ಲಿ ಅರಬ್ಬೀ ಸಮುದ್ರಕ್ಕೆ. ಹೊಸನಗರ ತಾಲ್ಲೂಕಿನ ಹುಂಚದ ಬಳಿ ಹುಟ್ಟುವ ಕುಮುದ್ವತಿಯದು ಮತ್ತೆ ಪೂರ್ವದ ದಾರಿ.

ಶರಾವತಿ ಕಣಿವೆ ಅಭಯಾರಣ್ಯ ಘೋಷಣೆಯಾದದ್ದು 1972ರಲ್ಲಿ. ಆಗ 431 ಚ.ಕಿ.ಮೀ. 2019ರಲ್ಲಿ ಸುತ್ತಲಿನ ಕಾಡು ಸೇರಿ 930 ಚ.ಕಿ.ಮೀ. ದಾಟಿತು, ಅಭಯಾರಣ್ಯದ ಹೆಸರಿಗೆ ಸಿಂಗಳೀಕವೂ ಸೇರಿತು.

ಶರಾವತಿಯ ಲಿಂಗನಮಕ್ಕಿ ಅಣೆಕಟ್ಟೆಯ ಹಿನ್ನೀರು ಸಾಗರ, ಹೊಸನಗರದ ಎಷ್ಟೋ ಊರುಗಳನ್ನು ನುಂಗಿ ಕಣ್ಣು ಹಾಯಿಸಿದಷ್ಟೂ ಹರಡಿದೆ. ಇಷ್ಟು ನೀರಿದ್ದರೆ ನೀರುಹಕ್ಕಿಗೆ ಸ್ವರ್ಗ ಅನ್ನಿಸಬಹುದು. ಹಾಗೇನಿಲ್ಲ. ಮಳೆಗಾಲದಲ್ಲಿ ತುಂಬಿದ ನೀರು ವಿದ್ಯುತ್ತಿಗಾಗಿ ಹರಿದು ಬೇಸಿಗೆಗೆ ಕೆಳಗಿಳಿಯುತ್ತದೆ. ಈ ಹಿನ್ನೀರಿನಲ್ಲಿ ಮುಳುಗಿರುವ 1948ರ ಹಿರೇಭಾಸ್ಕರ ಅಣೆಕಟ್ಟೆ ನೀರಿನಿಂದ ಎದ್ದು ಕಾಣುವಷ್ಟು! ದಡ ಹೀಗೆ ಏರಿಳಿಯುತ್ತಿದ್ದರೆ ಜೊಂಡು ಬೇರೂರುವುದೆಲ್ಲಿ, ಹಕ್ಕಿ ಗೂಡಿಡುವುದೆಲ್ಲಿ? ಪಕ್ಕದ ಸೊರಬ ತಾಲ್ಲೂಕಿನ ಗುಡವಿ ಪಕ್ಷಿಧಾಮ ಮುಕ್ಕಾಲು ಚ.ಕಿ.ಮೀ. ಕೂಡ ಇಲ್ಲ. ಆದರೂ ನೀರಲ್ಲೇ ನಿಂತ ಮರಗಳ ತುಂಬ ಗೂಡು: ಬಿಳಿ ಕೆಂಬರಲು, ಬೆಳ್ಳಕ್ಕಿ, ನೀರುಕಾಗೆ. ಕೆಳಗೆ ಜಂಬುಕೋಳಿ, ದೇವನಕ್ಕಿ. ವಿಸ್ತಾರಕ್ಕಿಂತ ನೀರಿನ ಮಟ್ಟ ಮುಖ್ಯ ಎನ್ನುವುದಕ್ಕೆ ಇದಕ್ಕಿಂತ ಸಾಕ್ಷಿ ಬೇಕಿಲ್ಲ.

ಮಂಡಗದ್ದೆಗೂ ನೀರಿನ ಮಟ್ಟದ್ದೇ ಚಿಂತೆ. ಹೊಳೆ ಉಕ್ಕಿದ ವರ್ಷ ತಗ್ಗಿನ ಕೊಂಬೆಗಳ ಗೂಡು ಮುಳುಗಿ ಮೊಟ್ಟೆ, ಮರಿಗಳು ತೇಲಿಹೋಗುತ್ತವೆ. ಕೆಳಗೆ ಗಾಜನೂರಿನ ಅಣೆಕಟ್ಟೆಯಿದೆ. ಗೂಡಿನ ತಿಂಗಳುಗಳಲ್ಲಿ ಅಲ್ಲಿ ನೀರು ನಿಲ್ಲಿಸುವಾಗ ಈ ನಡುಗಡ್ಡೆಯೂ ಲೆಕ್ಕಕ್ಕೆ ಬರಬೇಕು.

ಇನ್ನೊಂದು ಚಿಂತೆ ಬೇಲಿಯ ಹೊರಗಿನದು. ಮಲೆನಾಡಿನಲ್ಲಿ ಭತ್ತದ ಗದ್ದೆಗಳು ಒಂದೊಂದಾಗಿ ಅಡಿಕೆ ತೋಟವಾಗುತ್ತಿವೆ. ನಾಟಿಗೆ ಆಳು ಸಿಗದ, ಬೆಲೆಯೂ ಸಿಗದ ರೈತನನ್ನು ದೂರಿ ಫಲವಿಲ್ಲ. ಆದರೆ ಬೆಳ್ಳಕ್ಕಿ ಮರಿಗೆ ಉಣಿಸುವುದು ಗದ್ದೆಯ ಕಪ್ಪೆ, ಮೀನು. ಗೂಡಿನ ಮರ ಉಳಿಸಿ ಊಟದ ಗದ್ದೆ ಕಳೆದರೆ ಪಕ್ಷಿಧಾಮದ ಬೋರ್ಡು ಮಾತ್ರ ಉಳಿದೀತು. ಭತ್ತ ಬೆಳೆಯುವವರಿಗೆ ಹಕ್ಕಿಯ ಹೆಸರಿನಲ್ಲಾದರೂ ಒಂದಿಷ್ಟು ನೆರವು ಸಿಗಲಿ.

ಚಳಿಗಾಲದ ಅತಿಥಿಗಳೂ ಇದ್ದಾರೆ. ಹಳ್ಳದ ಕಲ್ಲಿನ ಮೇಲೆ ಬಾಲ ಕುಣಿಸುವ ಬೂದು ಕುಂಡೆಕುಸ್ಕ ಹಿಮಾಲಯ, ಅದರಾಚೆಗಿನ ನಾಡುಗಳಿಂದ ಬರುವ ಹಕ್ಕಿ. ಮಳೆ ಇಳಿಯುವ ಹೊತ್ತಿಗೆ ಮಲೆನಾಡಿನಲ್ಲಿ ಹಾಜರು!

ರಂಗನತಿಟ್ಟು 2022ರಲ್ಲಿ, ಅಂಕಸಮುದ್ರ, ಮಾಗಡಿ ಕೆರೆ, ಅಘನಾಶಿನಿ ಅಳಿವೆ 2024ರಲ್ಲಿ ಜೌಗುಪ್ರದೇಶಗಳ ಅಂತರರಾಷ್ಟ್ರೀಯ ರಾಮ್ಸಾರ್ ಪಟ್ಟಿಗೆ ಸೇರಿದವು. ಆ ನಾಲ್ಕರಲ್ಲಿ ಶಿವಮೊಗ್ಗ ಜಿಲ್ಲೆಯದು ಒಂದೂ ಇಲ್ಲ. ಗುಡವಿಗಾದರೂ ಆ ಯೋಗ್ಯತೆ ಇದೆ ಎಂಬುದು ಈ ಅಂಕಣದ ಗಟ್ಟಿ ಅಭಿಪ್ರಾಯ.

ಮಂಡಗದ್ದೆಗೆ ಹೋಗುವುದಾದರೆ ಆಗಸ್ಟ್‌ ಆಸುಪಾಸು ಒಳ್ಳೆಯದು. ಛತ್ರಿ, ದುರ್ಬೀನು ಇರಲಿ. ರಸ್ತೆ ಬದಿಯಲ್ಲೇ ವೀಕ್ಷಣಾ ಗೋಪುರವಿದೆ, ಹಾರನ್ ಮಾಡಬೇಡಿ.