ಗೆಸ್ಟಾಪೊ ಮುಖ್ಯಸ್ಥನ ಬಿಗಿ ಕಾಲರು

1973ರ ಆಗಸ್ಟ್‌ನಲ್ಲಿ ಸೋವಿಯತ್ ಟೆಲಿವಿಷನ್ ‘ವಸಂತದ ಹದಿನೇಳು ಕ್ಷಣಗಳು’ ಎಂಬ 12 ಕಂತುಗಳ ಧಾರಾವಾಹಿಯನ್ನು ಪ್ರಸಾರ ಮಾಡಿತು. ಎರಡನೇ ಮಹಾಯುದ್ಧ ಮುಗಿಯುತ್ತಿದ್ದ ದಿನಗಳಲ್ಲಿ ನಾಜಿ ಅಧಿಕಾರಿಯ ವೇಷದಲ್ಲಿ ಬರ್ಲಿನ್ನಿನಲ್ಲಿದ್ದ ರಷ್ಯನ್ ಗೂಢಚಾರ ಸ್ಟಿರ್ಲಿಟ್ಸ್‌ನ ಕಥೆ ಅದು. ನಾಯಕನ ಪಾತ್ರ ವ್ಯಾಚೆಸ್ಲಾವ್ ತಿಖೊನೊವ್ ಅವರದು. ಆದರೆ ನಾಯಕನಷ್ಟೇ ಜನರ ಮನಸ್ಸಿನಲ್ಲಿ ನಿಂತವನು ಅವನನ್ನು ಶಂಕಿಸುವ ರಹಸ್ಯ ಪೊಲೀಸ್ ಮುಖ್ಯಸ್ಥ ಮ್ಯೂಲರ್. ಆ ಪಾತ್ರ ವಹಿಸಿದ ಲಿಯೊನಿದ್ ಬ್ರೊನೆವೊಯ್ ಅವರಿಗೆ ಆಗ 44 ವರ್ಷ. ಊರೂರಿನ ರಂಗಭೂಮಿಗಳಲ್ಲಿ ಪಳಗಿದ್ದರೂ ತೆರೆಯ ಮೇಲೆ ಅಷ್ಟೇನೂ ಪರಿಚಿತರಲ್ಲದ ಪೋಷಕ ನಟ.

ರಹಸ್ಯ ಪೊಲೀಸರು ಅವರಿಗೆ ಪುಸ್ತಕದಿಂದ ತಿಳಿದವರಲ್ಲ. 1928ರಲ್ಲಿ ಕೀವ್‌ನಲ್ಲಿ ಹುಟ್ಟಿದ ಅವರ ತಂದೆ ಸೊಲೊಮನ್ ಸೋವಿಯತ್ ರಹಸ್ಯ ಪೊಲೀಸ್ ಇಲಾಖೆಯ ದೊಡ್ಡ ಅಧಿಕಾರಿ. ಸ್ಟಾಲಿನ್ ಕಾಲದ ಬಂಧನಗಳ ಅಲೆ ಅದೇ ಇಲಾಖೆಯವರನ್ನೂ ಬಿಡಲಿಲ್ಲ. ತಂದೆ ಶ್ರಮ ಶಿಬಿರದ ಪಾಲಾದರು; ತಾಯಿ, ಮಗ ಕಿರೊವ್ ಪ್ರಾಂತದ ಮಾಲ್ಮಿಜ್ ಎಂಬ ಪುಟ್ಟ ಊರಿಗೆ ಗಡೀಪಾರಾದರು. ರಷ್ಯನ್ನರ ಹೆಸರಿನ ನಡುವೆ ತಂದೆಯ ಹೆಸರು ಸೇರುವುದು ವಾಡಿಕೆ. ತಾಯಿ ವಿಚ್ಛೇದನ ಪಡೆದು ಮಗನ ‘ಸೊಲೊಮೊನೊವಿಚ್’ ಅನ್ನು ‘ಸೆರ್ಗೆಯೆವಿಚ್’ ಎಂದು ಬದಲಿಸಿದರು. ಹುಡುಗ ಬದುಕಿಕೊಳ್ಳಬೇಕಾದರೆ ತಂದೆ ಕಾಗದದಲ್ಲೂ ಇರಬಾರದಾಗಿತ್ತು.

‘ಜನಶತ್ರು’ವಿನ ಮಗನಿಗೆ ದೊಡ್ಡ ನಗರಗಳ ಬಾಗಿಲು ಸುಲಭವಾಗಿ ತೆರೆಯುವ ಕಾಲವಲ್ಲ. ಅವರು ನಟನೆ ಕಲಿತದ್ದು ದೂರದ ತಾಷ್ಕೆಂಟ್‌ನಲ್ಲಿ. ಮಾಗ್ನಿತೊಗೋರ್ಸ್ಕ್, ಒರೆನ್‌ಬುರ್ಗ್, ನಡುವೆ ಮಾಸ್ಕೊದಲ್ಲಿ ಮತ್ತೆ ಓದು, ಆಮೇಲೆ ಗ್ರೋಜ್ನಿ, ಇರ್ಕುತ್ಸ್ಕ್, ವೊರೊನೆಜ್ – ಹೀಗೆ ತಿರುಗಿ ಮಾಸ್ಕೊದ ರಂಗಭೂಮಿಯಲ್ಲಿ ನೆಲೆ ನಿಂತಾಗ 1960ರ ದಶಕ ಬಂದಿತ್ತು.

ಅವರ ಮ್ಯೂಲರ್ ಅಬ್ಬರಿಸುವ ಖಳನಲ್ಲ. ನಿದ್ದೆಗೆಟ್ಟ ಗುಮಾಸ್ತನಂತೆ ಗೊಣಗುತ್ತಾನೆ, ಚಟಾಕಿ ಹಾರಿಸುತ್ತಾನೆ, ಲೋಕಾಭಿರಾಮದ ಮಾತಿನ ನಡುವೆಯೇ ಕುಣಿಕೆ ಎಸೆಯುತ್ತಾನೆ. ನೋಡುವವನು ನಗುತ್ತಾನೆ, ನಕ್ಕದ್ದಕ್ಕೆ ಬೆಚ್ಚುತ್ತಾನೆ. ಬಾಲ್ಯದ ನೆನಪು ಇದರಲ್ಲಿ ಎಷ್ಟು ಬೆರೆತಿತ್ತೆಂದು ಅಳೆಯಲಾಗದು, ಆದರೆ ಇಂಥ ಸಜ್ಜನಿಕೆಯ ಕ್ರೌರ್ಯ ಕೇವಲ ಮೇಕಪ್ಪಿನಿಂದ ಬರುವಂಥದ್ದಲ್ಲ. ಮ್ಯೂಲರ್ ಆಗಾಗ ಕತ್ತು ಸೆಟೆದುಕೊಳ್ಳುವ ಅಭ್ಯಾಸವಂತೂ ದರ್ಜಿಯ ಕೊಡುಗೆ! ಸಮವಸ್ತ್ರದ ಕಾಲರು ಬಿಗಿಯಾಗಿ ಕತ್ತನ್ನು ಉಜ್ಜುತ್ತಿತ್ತು. ನಟ ಚಡಪಡಿಸಿದ್ದನ್ನು ಕಂಡ ನಿರ್ದೇಶಕಿ ತತ್ಯಾನಾ ಲಿಯೋಜ್ನೊವಾ ಅದು ಹಾಗೆಯೇ ಇರಲಿ ಎಂದರು. ನಿಜವಾದ ಮ್ಯೂಲರ್ ತೆಳು ಮುಖದವನು. ಆದರೂ ರಷ್ಯನ್ನರ ಕಣ್ಣಿಗೆ ಕಟ್ಟಿರುವುದು ಬ್ರೊನೆವೊಯ್ ಅವರ ದುಂಡು ಮುಖವೇ. ಸ್ಟಿರ್ಲಿಟ್ಸ್–ಮ್ಯೂಲರ್ ಜೋಡಿಯ ನಗೆಹನಿಗಳಿಗೆ ಆ ದೇಶದಲ್ಲಿ ಲೆಕ್ಕವಿಲ್ಲ.

ಆ ಪಾತ್ರದಲ್ಲಿ ಅವರು ಸಿಕ್ಕಿಬೀಳಲಿಲ್ಲ. 1979ರ ‘ಅದೇ ಆ ಮುಂಚ್‌ಹೌಸೆನ್’ ಚಿತ್ರದಲ್ಲಿ ಉಡುಪು ಹೊಲಿಯುವ ಗೀಳಿನ ಡ್ಯೂಕ್ ಆದರು. 1982ರ ‘ಪೊಕ್ರೋವ್‌ಸ್ಕಿ ದ್ವಾರ’ದಲ್ಲಿ ವೆಲ್ಯೂರೊವ್ ಎಂಬ ಬಡಾಯಿ ಕಲಾವಿದನಾಗಿ ಹೊಟ್ಟೆ ಹುಣ್ಣಾಗುವಂತೆ ನಗಿಸಿದರು. 1988ರಿಂದ ಕೊನೆಯವರೆಗೂ ಲೆನ್ಕೊಮ್ ರಂಗಭೂಮಿಯ ನಟ.

1987ರಲ್ಲಿ ಸರ್ಕಾರ ‘ಸೋವಿಯತ್ ಒಕ್ಕೂಟದ ಜನತಾ ಕಲಾವಿದ’ ಬಿರುದು ನೀಡಿತು. ‘ಜನಶತ್ರು’ವಿನ ಮಗ ಅದನ್ನು ಪಡೆದದ್ದು ಸೆರ್ಗೆಯೆವಿಚ್ ಆಗಿಯೇ. 2017ರ ಡಿಸೆಂಬರ್ 9ರಂದು ಮಾಸ್ಕೊದಲ್ಲಿ ತೀರಿಕೊಂಡಾಗಲೂ ಜನ ಅವರನ್ನು ನೆನೆದದ್ದು ಅದೇ ಹೆಸರಿನಿಂದ.