ಹೈಕೋರ್ಟ್ ಮೊದಲ ಮೆಟ್ಟಿಲಲ್ಲ

ಕಾನೂನು ಪದವಿಯ ಕೊನೆಯ ವರ್ಷದಲ್ಲಿ ಧಾರವಾಡದ ವಕೀಲರೊಬ್ಬರ ಕಚೇರಿಯಲ್ಲಿ ಇಂಟರ್ನ್‌ಶಿಪ್ ಮಾಡುತ್ತಿದ್ದೇನೆ. ತೆರಿಗೆ ದಂಡದ ಆದೇಶ ಹಿಡಿದು ಬರುವವರೆಲ್ಲರ ಬಾಯಲ್ಲಿ ಒಂದೇ ಮಾತು: ‘ಹೈಕೋರ್ಟಿಗೇ ಹಾಕಿಬಿಡ್ರಿ ಸರ್’.

ಡಿಪ್ಲೊಮಾ ಮುಗಿಸಿ, ಸಾಲ ಮಾಡಿ ಫ್ಲೆಕ್ಸ್ ಪ್ರಿಂಟಿಂಗ್ ಅಂಗಡಿ ತೆರೆದ ಹುಡುಗನೊಬ್ಬನೂ ಹೀಗೇ ಬಂದ. ಅವನ ಖರೀದಿ ಬಿಲ್‌ಗಳು ನಕಲಿ, ಸರಕು ಬಂದೇ ಇಲ್ಲ ಎಂದು ಅಧಿಕಾರಿ ₹90 ಸಾವಿರ ಜಿಎಸ್‌ಟಿ ಕಟ್ಟಲು ಆದೇಶಿಸಿದ್ದರು. ವಂಚನೆಯ ಆರೋಪವಿದ್ದರೆ ದಂಡ ತೆರಿಗೆಯಷ್ಟೇ ಬೀಳುತ್ತದೆ. ಅಂದರೆ ಮತ್ತೆ ₹90 ಸಾವಿರ, ಬಡ್ಡಿ ಬೇರೆ. ಅಂಗಡಿ ಮುಚ್ಚಲು ಇಷ್ಟು ಸಾಕು.

ನಮ್ಮ ಸೀನಿಯರ್ ಮೂರೇ ಪ್ರಶ್ನೆ ಕೇಳಿದರು. ‘ನೋಟಿಸ್ ಬಂದಿತ್ತೇನಪಾ? ನಿನ್ನ ಮಾತು ಕೇಳಿದ್ರೇನು? ಆರ್ಡರ್ ಬಂದು ಎಷ್ಟು ದಿನ ಆತು?’ ನೋಟಿಸ್ ಬಂದಿತ್ತು, ವಿಚಾರಣೆಗೂ ಹೋಗಿದ್ದ. ಆದೇಶ ಬಂದು 70 ದಿನವಾಗಿತ್ತು. ‘ಹಂಗಾದ್ರ ಮೊದಲು ಅಪೀಲು’ ಎಂದರು.

ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ರಿಟ್ ಅರ್ಜಿ ಸಲ್ಲಿಸಬಹುದು, ನಿಜ. ಆದರೆ ಕಾನೂನೇ ಮೇಲ್ಮನವಿಯ ದಾರಿ ಕೊಟ್ಟಿರುವಾಗ ಅದನ್ನು ಬಿಟ್ಟು ಬಂದವರನ್ನು ನ್ಯಾಯಾಲಯ ಸಾಮಾನ್ಯವಾಗಿ ವಾಪಸ್ ಕಳಿಸುತ್ತದೆ. ಆದಾಯ ತೆರಿಗೆಯ ಛಬಿಲ್ ದಾಸ್ ಅಗರ್ವಾಲ್ ಪ್ರಕರಣದಲ್ಲಿ 2013ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದೂ ಇದನ್ನೇ. ಅದಕ್ಕೆ ಕಾರಣವೂ ಇದೆ. ಸರಕು ಬಂದಿತ್ತೇ, ಲಾರಿ ಬಾಡಿಗೆ ರಸೀದಿ ಇದೆಯೇ, ಹಣ ಬ್ಯಾಂಕಿನಿಂದ ಹೋಗಿದೆಯೇ ಎಂದು ಒಂದೊಂದೇ ಕಾಗದ ನೋಡುವುದು ಮೇಲ್ಮನವಿ ಪ್ರಾಧಿಕಾರದ ಕೆಲಸ. ರಿಟ್ ಅರ್ಜಿಯಲ್ಲಿ ಹೈಕೋರ್ಟ್ ಸಾಮಾನ್ಯವಾಗಿ ಬಿಲ್ ಎಣಿಸುತ್ತಾ ಕೂರುವುದಿಲ್ಲ.

ಹಾಗಾದರೆ ನೇರವಾಗಿ ಹೋಗುವಂತೆಯೇ ಇಲ್ಲವೇ? ಇದೆ. 1998ರ ವರ್ಲ್‌ಪೂಲ್ ಪ್ರಕರಣದ ತೀರ್ಪು ಅಂಥ ಸಂದರ್ಭಗಳನ್ನು ಹೇಳುತ್ತದೆ: ಮೂಲಭೂತ ಹಕ್ಕಿಗೆ ಧಕ್ಕೆಯಾದಾಗ, ನಮ್ಮ ಮಾತು ಕೇಳದೇ ಆದೇಶ ಮಾಡಿದಾಗ, ಅಧಿಕಾರವೇ ಇಲ್ಲದವರು ಆದೇಶ ಹೊರಡಿಸಿದಾಗ, ಕಾನೂನಿನ ಸಿಂಧುತ್ವವನ್ನೇ ಪ್ರಶ್ನಿಸುವಾಗ. ‘ಅಧಿಕಾರಿ ತಪ್ಪು ತೀರ್ಮಾನ ಮಾಡಿದ್ದಾರೆ’ ಎಂಬುದಷ್ಟೇ ದೂರಾದರೆ ಅದು ಈ ಪಟ್ಟಿಗೆ ಸೇರುವುದಿಲ್ಲ.

‘ಅಪೀಲು ಕೇಳೋರೂ ಅದೇ ಇಲಾಖೆಯವರಲ್ರೀ’ ಎಂದು ಹುಡುಗ ಗೊಣಗಿದ. ಅವನ ಅನುಮಾನ ಸುಳ್ಳೆನ್ನಲಾರೆ. ಆದರೆ ಅಲ್ಲಿ ಸೋತರೆ ಜಿಎಸ್‌ಟಿ ಮೇಲ್ಮನವಿ ನ್ಯಾಯಮಂಡಳಿ ಇದೆ. ಕಾನೂನಿನ ಪ್ರಶ್ನೆಯಿದ್ದರೆ ಅದರಾಚೆ ಹೈಕೋರ್ಟೂ ಇದೆ. ಮೊದಲ ಮೇಲ್ಮನವಿಗೆ ಅವನು ಕಟ್ಟಬೇಕಾದದ್ದು ವಿವಾದಿತ ತೆರಿಗೆಯ ಶೇ 10, ಅಂದರೆ ₹9 ಸಾವಿರ. ಅಷ್ಟು ಕಟ್ಟಿದರೆ ಉಳಿದ ಮೊತ್ತದ ವಸೂಲಿ ತನ್ನಿಂತಾನೇ ನಿಲ್ಲುತ್ತದೆ. ಇದನ್ನು ಕೇಳಿದ ಮೇಲೆಯೇ ಅವನು ಕುರ್ಚಿಗೆ ಒರಗಿ ಕೂತದ್ದು. ವಾರದೊಳಗೆ ಮೇಲ್ಮನವಿ ಸಲ್ಲಿಸಿದೆವು. ವಿಚಾರಣೆ ಇನ್ನೂ ಆಗಬೇಕಿದೆ.

ಈ ಲೆಕ್ಕದಲ್ಲಿ ದೊಡ್ಡ ಶತ್ರು ದಿನಾಂಕ. ಜಿಎಸ್‌ಟಿ ಮೇಲ್ಮನವಿಗೆ ಆದೇಶ ತಲುಪಿದ ದಿನದಿಂದ ಮೂರು ತಿಂಗಳು. ಸರಿಯಾದ ಕಾರಣ ತೋರಿಸಿದರೆ ಮತ್ತೊಂದು ತಿಂಗಳು. ರಿಟ್ ಹಾಕಿ, ವಾಪಸ್ ಬರುವಷ್ಟರಲ್ಲಿ ಆ ಗಡುವು ಮೀರಬಹುದು. ಹೋದ ದಿನಗಳನ್ನು ಹೈಕೋರ್ಟ್ ಕೆಲವೊಮ್ಮೆ ಲೆಕ್ಕದಿಂದ ಬಿಡಿಸಿಕೊಡುವುದುಂಟು, ಆದರೆ ಅದನ್ನೇ ನಂಬಿ ಕೂರುವಂತಿಲ್ಲ. ಗಡುವು ಮೀರಿತೆಂಬ ಕಾರಣಕ್ಕೇ ರಿಟ್ ಮೊರೆ ಹೋಗುವುದನ್ನು 2020ರ ಗ್ಲ್ಯಾಕ್ಸೊ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ.

ನಮ್ಮಲ್ಲಿ ಹಲವರು ಕೆಲಸ ಹುಡುಕುವ ಬದಲು ಸ್ವಂತದ್ದೇನಾದರೂ ಶುರು ಮಾಡುತ್ತಿದ್ದೇವೆ. ಜಿಎಸ್‌ಟಿ ನಂಬರ್ ಪಡೆದವರು ವಾರಕ್ಕೊಮ್ಮೆ ಪೋರ್ಟಲ್ ತೆರೆದು ನೋಟಿಸ್ ಇದೆಯೇ ನೋಡಿ. ಇದ್ದರೆ ಬರಹದಲ್ಲೇ ಉತ್ತರ ಕೊಡಿ, ರಸೀದಿಗಳನ್ನು ಜೋಪಾನ ಮಾಡಿ. ಆದೇಶ ಬಂದರೆ, ಸಿಟ್ಟು ಬರುವ ಮೊದಲು ಅದರ ಮೇಲಿನ ದಿನಾಂಕವನ್ನು ಕ್ಯಾಲೆಂಡರ್‌ನಲ್ಲಿ ಗುರುತು ಹಾಕಿಕೊಳ್ಳಿ.