ಹಂದಿಮಾಂಸ: ತುಂಡಿಗೆ ತಕ್ಕ ಬೆಂಕಿ

ಕೊಡಗಿನಲ್ಲಿ ಪಂದಿಕರಿಯನ್ನು ಉಂಡು ಬಂದವರು ಮನೆಯಲ್ಲಿ ತಾವೇ ಮಾಡಹೊರಟು ಸೋಲುವುದುಂಟು. ನಾನೂ ಹಾಗೆ ಸೋತವನು. ಅತಿಥಿಗಳು ಬರುವರೆಂದು, ನೆಣವಿಲ್ಲದ, ನೋಟಕ್ಕೆ ಚೆಲುವಾದ ಬೆನ್ನಿನ ಮಾಂಸವನ್ನೇ ಹೆಚ್ಚು ಬೆಲೆ ತೆತ್ತು ತಂದೆ. ಎರಡು ಗಂಟೆ ಬೇಯಿಸಿದ ಮೇಲೆ ಎಲೆಗೆ ಬಿದ್ದದ್ದು ಮರದ ಚಕ್ಕೆ! ಮಸಾಲೆಯನ್ನು ದೂರಿದೆ. ಪಾಪ, ತಪ್ಪು ಅದರದಾಗಿರಲಿಲ್ಲ.

ಪ್ರಾಣಿಯ ಮೈಯಲ್ಲಿ ದುಡಿಯುವ ಭಾಗಗಳುಂಟು, ಸುಖವಾಗಿರುವ ಭಾಗಗಳೂ ಉಂಟು. ಬೆನ್ನೆಲುಬಿನ ಇಕ್ಕೆಲದ ಸ್ನಾಯುವಿಗೆ ದುಡಿಮೆ ಕಡಿಮೆ. ಅದು ಹುಟ್ಟಿನಿಂದಲೇ ಮೃದು. ಮೈಭಾರವನ್ನು ಹೊತ್ತು ನಡೆಯುವ ಮುಂಗಾಲಿನ ಭುಜದಲ್ಲಾದರೋ, ಸ್ನಾಯುವಿನ ಎಳೆಗಳನ್ನು ಕಟ್ಟಿಹಿಡಿಯುವ ಕೊಲಾಜೆನ್ ಹೇರಳ. ಅದರ ಗಡಸುತನಕ್ಕೆ ಕಾರಣವೂ ಇದೇ. ಆದರೆ ತೇವವಿರುವಾಗ ಸುಮಾರು 70 ಡಿಗ್ರಿ ಸೆಲ್ಸಿಯಸ್ಸಿನ ಮೇಲೆ ಬಹಳ ಹೊತ್ತು ಬೆಂದರೆ ಕೊಲಾಜೆನ್ ಕರಗಿ ಜಿಲೆಟಿನ್ ಆಗುತ್ತದೆ. ಬಿಗಿದಿದ್ದ ಎಳೆಗಳು ಸಡಿಲಗೊಂಡು ಮಾಂಸ ಬಾಯಲ್ಲಿ ಬಿಚ್ಚಿಕೊಳ್ಳುತ್ತದೆ. ಬೆನ್ನಿನ ತುಂಡಿನಲ್ಲಿ ಹೀಗೆ ಕರಗಲು ಇರುವುದೇ ಅಲ್ಪ. ಕಾವೇರಿದಂತೆ ಅದರ ಎಳೆಗಳು ಸೆಡೆತು, ಒಳಗಿನ ನೀರನ್ನು ಹಿಂಡಿ ಹೊರಚೆಲ್ಲುತ್ತವೆ. ಹೊತ್ತು ಹೆಚ್ಚಿದಷ್ಟೂ ಕೇಡು.

ಪಂದಿಕರಿಗೆ ಬೇಕಾದದ್ದು ಭುಜ ಮತ್ತು ಹೊಟ್ಟೆಯ ಭಾಗ, ಅದೂ ಚರ್ಮ ಸಹಿತವಾಗಿ. ಚರ್ಮ, ನೆಣ, ಮಾಂಸ ಮೂರೂ ಒಂದೇ ತುಂಡಿನಲ್ಲಿರಬೇಕು. ನೀರನ್ನು ಅಳತೆಯಲ್ಲಿ ಹಾಕಿ, ಸಣ್ಣ ಉರಿಯಲ್ಲಿ ಗಂಟೆಗೂ ಮಿಕ್ಕಿ ಬೇಯಲು ಬಿಟ್ಟರೆ ನೆಣ ತಾನೇ ಕರಗಿ ಎಣ್ಣೆಯಾಗುತ್ತದೆ. (ಕುಕ್ಕರು ಹೊತ್ತನ್ನೇನೋ ಉಳಿಸುತ್ತದೆ, ರಸ ಇಂಗಿ ಮಾಂಸಕ್ಕೆ ಹತ್ತುವ ಆ ಕಪ್ಪು ಹೊಳಪನ್ನು ಕೊಡಲಾರದು.) ಕೊನೆಯಲ್ಲಿ ಕಪ್ಪಾಗುವಂತೆ ಹುರಿದ ಕೊತ್ತಂಬರಿ, ಜೀರಿಗೆ, ಮೆಣಸು, ಸಾಸಿವೆಗಳ ಪುಡಿ, ಆಮೇಲೆ ಕಾಚಂಪುಳಿ. ಹಣ್ಣಿನ ರಸವನ್ನು ಕುದಿಸಿ ಇಂಗಿಸಿದ ಈ ಕರಿಯ ಹುಳಿ ನೆಣದ ಜಿಡ್ಡನ್ನು ಮುರಿಯುತ್ತದೆ. ನೆಣವಿಲ್ಲದ ಮಾಂಸಕ್ಕೆ ಇದನ್ನು ಸುರಿದರೆ ಮುರಿಯಲು ಜಿಡ್ಡೇ ಇಲ್ಲದೆ ಬರಿಯ ಹುಳಿಯಷ್ಟೇ ಉಳಿಯುತ್ತದೆ. ನನ್ನ ಅತಿಥಿಗಳು ಸವಿದದ್ದು ಅದನ್ನೇ.

ಹಾಗೆಂದು ಬೆನ್ನಿನ ಮಾಂಸ ಕೀಳಲ್ಲ. ತೆಳುವಾಗಿ ಕೊಯ್ದು, ಬಿಸಿ ಬಾಣಲೆಯಲ್ಲಿ ಕೆಲವೇ ನಿಮಿಷ ಹುರಿದರೆ ಸೊಗಸು. ಆದರೆ ಒಳಗೆ ಹಸಿಯುಳಿಯಬಾರದು. ಹಂದಿಮಾಂಸದಲ್ಲಿ ಲಾಡಿಹುಳುವಿನ ಕೋಶಗಳಿರಬಹುದು. ಹಿಂದೊಡೆಯೂ ನೆಣ ಕಡಿಮೆಯಾದದ್ದೇ. ಯುರೋಪಿನವರು ಉಪ್ಪೂಡಿ ಹ್ಯಾಮ್ ಮಾಡುವುದು ಅದರಿಂದ. ಪಕ್ಕೆಲುಬು, ಗೊರಸಿನ ಕಾಲುಗಳು ಭುಜದ ಪಂಗಡಕ್ಕೆ ಸೇರಿದವು, ನಿಧಾನದ ಬೆಂಕಿಯವು.

ಸೆಪ್ಟೆಂಬರಿನ ಕೈಲ್‌ಪೋಳ್ದ್ ಹಬ್ಬದಲ್ಲಿ ಕಡಂಬುಟ್ಟಿನ ಜೊತೆಗೆ ಬಡಿಸುವ ಪಂದಿಕರಿ ಮಿಕ್ಕರೆ ಮರುದಿನ ಪಾತ್ರೆಯನ್ನು ತೆರೆದು ನೋಡಿ. ತಣಿದ ರಸ ಗಟ್ಟಿಯಾಗಿ ನಡುಗುತ್ತಿರುತ್ತದೆ. ಭುಜದಿಂದ, ಚರ್ಮದಿಂದ ಕರಗಿ ಬಂದ ಜಿಲೆಟಿನ್ ಅದು. ಚೆಲ್ಲದೆ ಮತ್ತೆ ಬಿಸಿ ಮಾಡಿ.